ಸಾಲದ ರೆಂಡಿಟ್ಟಾ ಎಷ್ಟು, ಸಾರ್?

ಬೆಳಗಿನ ಐದೂವರೆ. ಗೂಡಿನಿಂದ ರೇಷ್ಮೆ ನೂಲು ತೆಗೆಯುವ ರಾಮನಗರದ ಈ ಸಣ್ಣ ಫಿಲೇಚರಿನೊಳಗೆ ಕಾಲಿಟ್ಟರೆ ಮೊದಲು ಮುಖಕ್ಕೆ ಹೊಡೆಯುವುದು ಬೆಂದ ಹುಳದ ವಾಸನೆ. ಆಮೇಲೆ ಹಬೆ. ಹಬೆಯ ಆಚೆ, ಗೋಡೆ ಪಕ್ಕದ ಮೂರನೇ ಬೇಸಿನ್ನಿನ ಮುಂದೆ, ಸೀರೆಯ ಮೇಲೊಂದು ಗಂಡಸರ ಅಂಗಿ ತೊಟ್ಟು ಕುಳಿತಿದ್ದಾರೆ ಚಿಕ್ಕಲಕ್ಷ್ಮಮ್ಮ. ವಯಸ್ಸು ನಲವತ್ತೇಳು. ಅವರ ಎರಡೂ ಕೈ ಬಿಸಿನೀರಿನಲ್ಲಿವೆ; ನಾವು ನೀವು ಬೆರಳಿಟ್ಟರೆ ಚೀರುವಷ್ಟು ಬಿಸಿ. ತೇಲುವ ರೇಷ್ಮೆಗೂಡುಗಳನ್ನು ಬೆರಳ ತುದಿಯಲ್ಲಿ ಸವರುತ್ತಾರೆ, ಕಣ್ಣಿಗೆ ಕಾಣದ ಎಳೆಯ ತುದಿ ಹಿಡಿಯುತ್ತಾರೆ, ಏಳೆಂಟು ಎಳೆ ಸೇರಿಸಿ ಮೇಲೆ ತಿರುಗುವ ರಾಟೆಗೆ ಕೊಡುತ್ತಾರೆ. ಎಳೆ ಕಡಿಯುತ್ತದೆ. ಮತ್ತೆ ಹುಡುಕುತ್ತಾರೆ. ಸಂಜೆ ನಾಲ್ಕರವರೆಗೂ ಇದೇ ಕೆಲಸ, ದಿನಕ್ಕೆ ನಾನೂರೈವತ್ತು ಕೂಲಿ.

ನಾನು ಹೋಗಿದ್ದು ನೂಲು ಬಿಚ್ಚುವ ಹೆಂಗಸರ ಬೆರಳುಗಳ ಬಗ್ಗೆ ಬರೆಯಲು. ಹೋದ ಐದೇ ನಿಮಿಷಕ್ಕೆ ಪ್ರಶ್ನೆ ಕೇಳುವವರು ಅವರಾದರು, ಉತ್ತರ ಹೇಳುವವಳು ನಾನಾದೆ.

“ಮೇಡಮ್ಮೋರೆ, ನಿಮ್ದು ಸ್ವಂತ ಮನೆನಾ, ಬಾಡ್ಗೇದಾ?”

“ಸ್ವಂತದ್ದೇ. ಸಾಲ ಇದೆ.”

“ಸಾಲದ ರೆಂಡಿಟ್ಟಾ ಎಷ್ಟು?”

ರೆಂಡಿಟ್ಟಾ ಎಂಬುದು ರೇಷ್ಮೆ ಕಸುಬಿನ ಮಾತು. ಒಂದು ಕೆಜಿ ನೂಲು ತೆಗೆಯಲು ಎಷ್ಟು ಕೆಜಿ ಗೂಡು ಬೇಕೋ, ಅದು ಆ ಗೂಡಿನ ರೆಂಡಿಟ್ಟಾ. ಏಳು ಕೆಜಿ ಬೇಕಾದರೆ ಏಳು. ಆರೂವರೆಗೆ ಇಳಿದರೆ ಮಾಲೀಕನ ಮುಖದಲ್ಲಿ ನಗು, ಎಂಟಕ್ಕೆ ಏರಿದರೆ ಆ ದಿನ ಚಹಾ ಕೂಡ ಬರುವುದಿಲ್ಲ. “ಗೂಡಿನ ರೇಟ್ ಮಾತ್ರ ಕೇಳೋನು ದಿವಾಳಿ ಎದ್ದೋಯ್ತಾನೆ, ರೆಂಡಿಟ್ಟಾ ಕೇಳೋನು ಉಳ್ಕತಾನೆ” ಎನ್ನುತ್ತಾರೆ ಈ ಫಿಲೇಚರಿನ ಮಾಲೀಕ ಖಲಂದರ್. ಇದನ್ನೇ ಚಿಕ್ಕಲಕ್ಷ್ಮಮ್ಮ ಮನೆ ಸಾಲಕ್ಕೆ ತಂದು ಅಂಟಿಸಿದ್ದಾರೆ. ಸಾಲವಾಗಿ ಕೈಗೆ ಬಂದ ಒಂದು ರೂಪಾಯಿಗೆ ಕೊನೆಯ ಕಂತಿನವರೆಗೆ ಒಟ್ಟು ಎಷ್ಟು ರೂಪಾಯಿ ಕಟ್ಟುತ್ತೀರಿ? ಅದು ನಿಮ್ಮ ಸಾಲದ ರೆಂಡಿಟ್ಟಾ.

ನನಗೆ ಗೊತ್ತಿರಲಿಲ್ಲ. ಬಡ್ಡಿ ದರ ಗೊತ್ತಿತ್ತು, ತಿಂಗಳ ಕಂತು ಬಾಯಿಪಾಠ ಇತ್ತು. ಒಟ್ಟು ಎಷ್ಟು ಎಂದು ಒಂಬತ್ತು ವರ್ಷದಲ್ಲಿ ಒಮ್ಮೆಯೂ ಕೇಳಿಕೊಂಡಿರಲಿಲ್ಲ. ಎಂ.ಎ. ಓದಿದವಳು ನಾನು. ನಾಚಿಕೆಗಿಂತ ಮೊದಲು ಬಂದದ್ದು ಸಿಟ್ಟು, ಅದು ಈ ಲೇಖನ ಮುಗಿಯುವವರೆಗೂ ಇಳಿದಿಲ್ಲ.

ಚಿಕ್ಕಲಕ್ಷ್ಮಮ್ಮ ಹುಟ್ಟಿದ್ದು ಚನ್ನಪಟ್ಟಣ ತಾಲ್ಲೂಕಿನ ಅಕ್ಕೂರಿನಲ್ಲಿ. ಅಪ್ಪ ಗಂಗಹನುಮಯ್ಯ ಬೇರೆಯವರ ಹಿಪ್ಪುನೇರಳೆ ತೋಟದ ಸೊಪ್ಪು ಕೊಂಡು ಹುಳ ಸಾಕುತ್ತಿದ್ದವರು. ಇದ್ದದ್ದು ಒಂದೇ ಅಂಕಣದ ಮನೆ. ಹುಳ ಹಣ್ಣಾಗಿ ಗೂಡು ಕಟ್ಟುವ ವಾರ, ಹುಳ ಬಿಡುವ ಬಿದಿರಿನ ಚಂದ್ರಿಕೆಗಳಿಗೆ ಒಳಗಿನ ಜಾಗ, ಮಕ್ಕಳಿಗೆ ಜಗಲಿ. “ಹುಳ ಮೂರು ದಿನದಾಗೆ ಮನೆ ಕಟ್ಕತದೆ. ನಾವು ಮೂರು ತಲೆಮಾರಾದ್ರೂ ಕಟ್ಕಳ್ಳಿಲ್ಲ ಅಂತ ನಮ್ಮಪ್ಪ ನಗಾಡೋರು” ಎನ್ನುತ್ತಾರೆ. ಏಳನೇ ತರಗತಿಗೆ ಶಾಲೆ ನಿಂತಿತು. ಹತ್ತೊಂಬತ್ತಕ್ಕೆ ಗೂಡ್ಸ್ ಆಟೋ ಓಡಿಸುವ ಮುನಿಕೃಷ್ಣ ಅವರ ಜೊತೆ ಮದುವೆಯಾಗಿ ರಾಮನಗರಕ್ಕೆ ಬಂದರು. ಇಪ್ಪತ್ತೊಂದು ವರ್ಷ, ಐದು ಬಾಡಿಗೆ ಮನೆ. ಒಂದು ಮನೆಯ ಓನರ್ ನೀರು ಲೆಕ್ಕ ಹಾಕಿ ಬಿಡುತ್ತಿದ್ದ, ಇನ್ನೊಬ್ಬಾಕೆ ಇವರ ಜಾತಿ ತಿಳಿದ ಮಾರನೇ ದಿನವೇ ಬೀಗ ಬದಲಿಸಿದಳು.

ಹಾಗಾಗಿ ೨೦೧೮ರಲ್ಲಿ ಒಂದು ಮನೆ ಸಾಲದ ಕಂಪನಿಯ ಆಫೀಸರ್ ರುದ್ರಪ್ರಸಾದ್ ಎಂಬುವರು ಬೀದಿಗೇ ಬಂದು, “ನೂರಕ್ಕೆ ತಿಂಗಳಿಗೆ ಬರೀ ಒಂದು ರೂಪಾಯಿ ಬಡ್ಡಿ ಅಮ್ಮ” ಎಂದಾಗ ಕೈ ಮುಗಿದವರು ಇವರು. ಬೀದಿಯಲ್ಲಿ ಮೂರು ರೂಪಾಯಿ ಬಡ್ಡಿಗೆ ತಂದು ಅಭ್ಯಾಸ ಇದ್ದವರಿಗೆ ಒಂದು ರೂಪಾಯಿ ಎಂದರೆ ಪ್ರಸಾದವೇ. ಇಪ್ಪತ್ತು ಮೂವತ್ತರ ಸೈಟಿನಲ್ಲಿದ್ದ ಎರಡು ಕೋಣೆಯ ಮನೆಗೆ ಒಂಬತ್ತು ಲಕ್ಷ ಸಾಲ, ಇಪ್ಪತ್ತು ವರ್ಷ, ತಿಂಗಳಿಗೆ ಒಂಬತ್ತು ಸಾವಿರದ ಒಂಬೈನೂರ ಹತ್ತು ರೂಪಾಯಿ ಕಂತು. ಕಂಪನಿಯ ಹೆಸರು ಬರೆಯಬೇಡಿ ಎಂದು ಅವರೇ ಕೇಳಿಕೊಂಡಿದ್ದಾರೆ. ಸಾಲ ಇನ್ನೂ ಇದೆ, ಅಡ ಇಟ್ಟ ಮನೆಪತ್ರ ಇನ್ನೂ ಅಲ್ಲೇ ಇದೆ.

ಅರವತ್ತನಾಲ್ಕು ಹಾಳೆಗೆ ಸಹಿ ಹಾಕಿದರು. ಅರವತ್ತನಾಲ್ಕೂ ಇಂಗ್ಲಿಷು. ಒಂಬತ್ತು ಲಕ್ಷ ಎಂದು ಬರೆದಿದ್ದರೂ ಇನ್ಶೂರೆನ್ಸ್, ಫೀಸು, ಮತ್ತೊಂದು ಫೀಸು ಎಂದು ಮುರಿದುಕೊಂಡು ಕೈಗೆ ಸಿಕ್ಕಿದ್ದು ಎಂಟು ಲಕ್ಷದ ಐವತ್ತೆರಡು ಸಾವಿರ. ಬಡ್ಡಿ ಮಾತ್ರ ಒಂಬತ್ತು ಲಕ್ಷಕ್ಕೆ! ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಅಂದ ಹಿರಿಯರಿಗೆ ಈ ಹಾಳೆಗಳನ್ನು ತೋರಿಸಬೇಕಿತ್ತು.

ತಪ್ಪು ಎಲ್ಲಾಯಿತು ಎಂಬುದನ್ನು ಅವರು ಅಡಗಿಸುವುದಿಲ್ಲ. ಕಂತು ಎಂಬ ಮಾತು ಅವರಿಗೆ ಗೊತ್ತಿದ್ದದ್ದು ಚೀಟಿಯಿಂದ. ಇಪ್ಪತ್ತು ಜನ ಸೇರಿ ತಿಂಗಳಿಗಿಷ್ಟು ಎಂದು ಹಾಕಿ, ಸರದಿಯಲ್ಲಿ ಒಬ್ಬೊಬ್ಬರು ಎತ್ತಿಕೊಳ್ಳುವ ಚೀಟಿ. ಅಲ್ಲಿ ಕಟ್ಟಿದ ಕಂತೆಲ್ಲ ನಮ್ಮ ಲೆಕ್ಕಕ್ಕೇ ಜಮಾ. ಬೀದಿ ಸಾಲದಲ್ಲಿ ಬಡ್ಡಿಯನ್ನು ಬಡ್ಡಿ ಎಂದೇ ಕರೆಯುತ್ತಾರೆ, ಅಸಲು ಬೇರೆ ಇರುತ್ತದೆ. ಇಲ್ಲಿ ಎರಡನ್ನೂ ಕಲಸಿ ಕಂತು ಎಂದು ಹೆಸರಿಟ್ಟಿದ್ದರು. ಇವರು ಚೀಟಿ ಲೆಕ್ಕದಲ್ಲೇ ಕಟ್ಟುತ್ತಾ ಹೋದರು. ಐದು ವರ್ಷ, ಒಂದು ತಿಂಗಳೂ ತಪ್ಪಿಸಲಿಲ್ಲ. ಮುನಿಕೃಷ್ಣರ ಆಟೋದ ಎಂಜಿನ್ ಹೋದ ತಿಂಗಳೂ ಕಟ್ಟಿದರು. ಕಿವಿಯ ಓಲೆ ಮಾರಿ ಕಟ್ಟಿದರು.

ಎರಡು ವರ್ಷದ ಹಿಂದೆ ಒಂದು ಚೀಟಿ ಎತ್ತಿ ಒಂದು ಲಕ್ಷ ಕೈಗೆ ಬಂತು. ಸಾಲ ಇನ್ನೆಷ್ಟು ಉಳಿದಿದೆ ಕೇಳೋಣ ಎಂದು ಗಂಡ ಹೆಂಡತಿ ಇಬ್ಬರೂ ಕಂಪನಿಯ ಆಫೀಸಿಗೆ ಹೋದರು. ಲೆಕ್ಕ ಬಾಯಲ್ಲೇ ಇತ್ತು: ಕಟ್ಟಿದ್ದು ಹತ್ತಿರ ಹತ್ತಿರ ಆರು ಲಕ್ಷ. ಒಂಬತ್ತರಲ್ಲಿ ಆರು ಹೋದರೆ ಮೂರು. ಬಡ್ಡಿ ಅಂತ ಒಂದು ಲಕ್ಷ ಸೇರಿಸಿದರೂ ನಾಲ್ಕು.

ರುದ್ರಪ್ರಸಾದ್ ಕಂಪ್ಯೂಟರನ್ನು ಅವರ ಕಡೆ ತಿರುಗಿಸಿದರು. ಉಳಿದಿರುವ ಸಾಲ ಎಂಟು ಲಕ್ಷದ ಮೂವತ್ತಾರು ಸಾವಿರ.

“ನನ್ ಕಣ್ಣೇ ಮಂಜಾಗೈತೆ ಅಂದ್ಕಂಡೆ ಮೇಡಮ್ಮೋರೆ. ಹಬೆಗೆ ಕಣ್ಣು ಹಿಂಗಾಯ್ತವಲ್ಲ. ಇವ್ರನ್ನ ಕೇಳ್ದೆ, ಓದಿ ಅಂತ. ಇವ್ರು ಓದ್ನಿಲ್ಲ, ಎದ್ದು ಆಚಿಗೆ ಹೋಗ್ಬುಟ್ರು. ಒಂಬತ್ತರಾಗೆ ಆರು ಕಳೆದ್ರೆ ಎಂಟು ಉಳಿಯೋ ಲೆಕ್ಕ ಯಾವ ಇಸ್ಕೂಲಾಗೆ ಯೋಳ್ಕೊಡ್ತಾರೆ ಸಾರ್ ಅಂದೆ. ಆತ ನಗ್ತಾ ಕೂತಿದ್ದ.”

ಅವರು ಅಳಲಿಲ್ಲ. ಪೂರ್ತಿ ಲೆಕ್ಕದ ಹಾಳೆ ಕೊಡಿ, ಕೊಡುವವರೆಗೆ ಏಳುವುದಿಲ್ಲ ಎಂದು ಕುಳಿತರು. ಮಧ್ಯಾಹ್ನ ಮೂರಕ್ಕೆ ಪ್ರಿಂಟು ಕೈಗೆ ಬಂತು. ಬಿ.ಕಾಂ. ಓದುತ್ತಿದ್ದ ಮಗಳು ಪದ್ಮಶ್ರೀ ಅದನ್ನು ಸಾಲು ಸಾಲಾಗಿ ಓದಿದಳು, ಅಮ್ಮ ಕೇಳಿಸಿಕೊಂಡರು. ಮೊದಲ ಸಾಲಿನಲ್ಲೇ ಕಥೆ ಮುಗಿದಿತ್ತು. ಮೊದಲ ಕಂತಿನ ಒಂಬತ್ತು ಸಾವಿರದ ಒಂಬೈನೂರ ಹತ್ತರಲ್ಲಿ ಒಂಬತ್ತು ಸಾವಿರ ಬಡ್ಡಿ. ಅಸಲಿಗೆ ಹೋದದ್ದು ಒಂಬೈನೂರ ಹತ್ತು.

ಅದಕ್ಕಿಂತ ಕೆಟ್ಟದ್ದು ನಲವತ್ತೊಂಬತ್ತನೇ ಸಾಲಿನಲ್ಲಿತ್ತು. ನಾಲ್ಕು ವರ್ಷ ಮುಗಿದ ಮೇಲೆ ಬಡ್ಡಿ ಹತ್ತು ಪೈಸೆ ಏರಿತ್ತು, ನೂರಕ್ಕೆ ಒಂದು ರೂಪಾಯಿ ಹತ್ತು ಪೈಸೆ. ಆ ತಿಂಗಳು ಫೋನಿಗೆ ಒಂದು ಇಂಗ್ಲಿಷ್ ಮೆಸೇಜ್ ಬಂದದ್ದು ಅವರಿಗೆ ನೆನಪಿದೆ. ಪಕ್ಕದ ಮನೆಯವರು ಓದಿ, ಬಡ್ಡಿ ಏರಿದೆ, ಆದರೆ ನಿಮ್ಮ ಕಂತು ಏರಿಲ್ಲ ಎಂದಿದ್ದರು. “ದೇವ್ರು ದೊಡ್ಡೋನು ಅಂತ ಆವತ್ತು ಪಾಯಸ ಮಾಡಿದ್ದೆ. ಅವ್ರ ಮನೆಗೂ ಒಂದು ಲೋಟ ಕೊಟ್ಟಿದ್ದೆ” ಎನ್ನುವಾಗ ಅವರ ಬೆರಳು ನೀರಿನಲ್ಲಿ ಒಂದು ಗೂಡನ್ನು ಹಿಸುಕಿಬಿಡುತ್ತದೆ.

ಕಂತು ಏರಲಿಲ್ಲ, ನಿಜ. ಏರಿದ್ದು ತಿಂಗಳು. ಇನ್ನೂರ ನಲವತ್ತು ಕಂತಿನ ಸಾಲ ಸದ್ದಿಲ್ಲದೆ ಮುನ್ನೂರ ಒಂದು ಕಂತಾಗಿತ್ತು. ಹತ್ತು ಪೈಸೆಗೆ ಐದು ವರ್ಷ. ಅವರ ಅರವತ್ತನೇ ವಯಸ್ಸಿಗೆ ಮುಗಿಯಬೇಕಿದ್ದ ಸಾಲ ಅರವತ್ತೈದಕ್ಕೆ ಹೋಗಿ ಕುಳಿತಿತ್ತು. ಒಟ್ಟು ಕಟ್ಟಬೇಕಾದದ್ದು ಇಪ್ಪತ್ತೊಂಬತ್ತು ಲಕ್ಷದ ಎಂಬತ್ತೆರಡು ಸಾವಿರ ಚಿಲ್ಲರೆ.

ಇಲ್ಲಿ ಒಂದು ಮಾತು ಹೇಳಿಬಿಡುತ್ತೇನೆ. ಯಾರೂ ಸುಳ್ಳು ಹೇಳಿಲ್ಲ. ನನ್ನ ಹೊಟ್ಟೆ ಉರಿಯುವುದು ಅದಕ್ಕೇ. ಬಡ್ಡಿ ಏರಬಹುದು ಎಂಬುದು ಅರವತ್ತನಾಲ್ಕು ಹಾಳೆಗಳಲ್ಲಿ ಎಲ್ಲೋ ಅಚ್ಚಾಗಿದೆ, ಅದರ ಕೆಳಗೆ ಇವರ ಸಹಿ ಇದೆ. ಮೆಸೇಜೂ ಬಂದಿದೆ. ಎಲ್ಲ ಸರಿಯಾಗಿದೆ! ಮನೆಮುಂದೆ ಬಂದು ಸಾಲ ಮಾರುವಾಗ ಅಮ್ಮ, ಅಕ್ಕ ಎಂದು ಅಚ್ಚ ಕನ್ನಡ ಬರುತ್ತದೆ. ನಿಮ್ಮ ಬದುಕಿನ ಐದು ವರ್ಷ ತೆಗೆದುಕೊಂಡಿದ್ದೇವೆ ಎಂದು ಹೇಳುವಾಗ ಮಾತ್ರ ಇಂಗ್ಲಿಷೇ ಬೇಕು. ಸೌತೆಕಾಯಿ ಮಾರುವವಳೂ ಕೆಜಿಗೆ ಇಷ್ಟು, ಎರಡು ಕೆಜಿಗೆ ಇಷ್ಟು ಎಂದು ಒಟ್ಟು ಹೇಳಿ ಚೀಲಕ್ಕೆ ಹಾಕುತ್ತಾಳೆ. ಮನೆಯಷ್ಟು ದೊಡ್ಡದನ್ನು ಕೊಳ್ಳುವವರಿಗೆ ಒಟ್ಟು ಎಷ್ಟು ಎಂದು ಒಂದೇ ಒಂದು ಸಾಲು ಕನ್ನಡದಲ್ಲಿ ಹೇಳಲು ಸಾಲ ಮಾರುವವರ ನಾಲಿಗೆಗೆ ಏನು ಬಂದಿದೆ?

ಚಿಕ್ಕಲಕ್ಷ್ಮಮ್ಮನಿಗೆ ರೆಂಡಿಟ್ಟಾ ಹೊಳೆದದ್ದು ಆ ವಾರವೇ, ಇದೇ ಬೇಸಿನ್ನಿನ ಮುಂದೆ. ಖಲಂದರ್ ಯಾವುದೋ ಗೂಡಿಗೆ ಬೈಯುತ್ತಿದ್ದರಂತೆ. ನೋಡಲು ದಪ್ಪ, ಬಿಳುಪು, ರೇಟೂ ಕಡಿಮೆ, ಆದರೆ ಒಂಬತ್ತು ಕೆಜಿ ಸುರಿದರೂ ಒಂದು ಕೆಜಿ ನೂಲು ಬರುತ್ತಿಲ್ಲ ಎಂದು. “ಅಂಗೇ ತಲೆ ತಟ್ದಂಗಾಯ್ತು. ಒಂದು ರೂಪಾಯಿ ಬಡ್ಡಿ ಅನ್ನೋದು ಗೂಡಿನ ರೇಟು. ಅದನ್ನ ನೋಡಿ ನಾನು ಚೀಲಕ್ಕೆ ತುಂಬ್ಸಿದ್ದೆ. ರೆಂಡಿಟ್ಟಾ ಕೇಳೇ ಇರ್ನಿಲ್ಲ.” ಮಗಳ ಫೋನಿನಲ್ಲಿ ಗುಣಿಸಿ, ಭಾಗಿಸಿ ನೋಡಿದರು. ಕೈಗೆ ಬಂದದ್ದು ಎಂಟು ಐವತ್ತೆರಡು, ಕಟ್ಟುವುದು ಇಪ್ಪತ್ತೊಂಬತ್ತು ಎಂಬತ್ತೆರಡು. ಮೂರೂವರೆ.

ಒಂದು ರೂಪಾಯಿಯ ಮನೆಗೆ ಮೂರೂವರೆ ರೂಪಾಯಿ.

ಮತ್ತೆ ಆಫೀಸಿಗೆ ಹೋದರು, ಚೀಟಿಯ ಒಂದು ಲಕ್ಷದ ಜೊತೆ. ಇದನ್ನು ಅಸಲಿಗೆ ಹಾಕಿ ಎಂದರು. ರುದ್ರಪ್ರಸಾದ್ ಖುಷಿಯಿಂದ, ನಿಮ್ಮ ಕಂತನ್ನು ಸಾವಿರದ ನೂರ ಎಂಬತ್ತೈದು ರೂಪಾಯಿ ಇಳಿಸಿಕೊಡುತ್ತೇನೆ, ಕೈ ಹಗುರ ಆಗುತ್ತದೆ ಎಂದರು. ತಿಂಗಳಿಗೆ ಸಾವಿರದ ಚಿಲ್ಲರೆ ಎಂದರೆ ಆ ಮನೆಯ ಗ್ಯಾಸು, ಕರೆಂಟು ಎರಡೂ. ಮುನಿಕೃಷ್ಣ ಹೂಂ ಎನ್ನುವುದರಲ್ಲಿದ್ದರು.

“ನಾನು ಅಡ್ಡ ಹಾಕ್ದೆ. ಕಂತು ಅಂಗೇ ಇರ್ಲಿ ಸಾರ್, ತಿಂಗ್ಳು ಕಿತ್ತಾಕಿ ಅಂದೆ. ಆತ ಹಂಗಲ್ಲಮ್ಮ, ಹಿಂಗೆ ಅಂತ ಒಸಿ ಹೊತ್ತು ಸುತ್ತಾಡಿಸ್ದ. ನಾನು ಅದೇ ಮಾತು ಹಿಡ್ಕಂಡೆ. ತಿಂಗ್ಳು ಕಿತ್ತಾಕಿ.”

ಎಂಬತ್ತಾರು ತಿಂಗಳು ಹೋಯಿತು. ಒಂದು ಲಕ್ಷ ಕಟ್ಟಿದ್ದಕ್ಕೆ ಏಳು ವರ್ಷಕ್ಕೂ ಹೆಚ್ಚು ಕಾಲ, ಎಂಟೂವರೆ ಲಕ್ಷದ ಕಂತು ಉಳಿಯಿತು. ನಾನು ಈ ಅಂಕಿಯನ್ನು ನಂಬದೆ ಪರಿಚಯದ ಲೆಕ್ಕಿಗರೊಬ್ಬರಲ್ಲಿ ಎರಡು ಸಲ ಲೆಕ್ಕ ಹಾಕಿಸಿದ್ದೇನೆ. ಸರಿಯಾಗಿದೆ. ಆರಂಭದ ವರ್ಷಗಳಲ್ಲಿ ಅಸಲಿಗೆ ಬಿದ್ದ ಒಂದೊಂದು ರೂಪಾಯಿಯೂ ಮುಂದಿನ ಎಷ್ಟೋ ವರ್ಷದ ಬಡ್ಡಿಯ ಬೇರು ಕೀಳುತ್ತದೆ. ಇದನ್ನು ಸಾಲ ಕೊಡುವವರೆಲ್ಲ ಬಲ್ಲರು. ತಾವಾಗಿ ಬಾಯಿ ಬಿಟ್ಟು ಹೇಳಿದ ಒಬ್ಬರನ್ನೂ ನಾನು ಕಂಡಿಲ್ಲ.

ಅಂದಿನಿಂದ ಫಿಲೇಚರಿನ ಹತ್ತು ಗಂಟೆಯ ಚಹಾ ಬಿಡುವು ಇವರ ಕಚೇರಿ. ಹದಿನೈದು ನಿಮಿಷ, ಒಂದು ಮುರುಕು ಸ್ಟೂಲು, ಮಗಳು ಕಲಿಸಿಕೊಟ್ಟ ಫೋನಿನ ಕ್ಯಾಲ್ಕುಲೇಟರು. ಜನ ಲೆಕ್ಕದ ಹಾಳೆ ತರುತ್ತಾರೆ. ಕನಕಪುರದಿಂದ ಒಬ್ಬ ಮೇಸ್ತ್ರಿ, ಚನ್ನಪಟ್ಟಣದಿಂದ ಬೊಂಬೆಗೆ ಬಣ್ಣ ಹಾಕುವ ಅಕ್ಕ ತಂಗಿಯರು, ಕುದೂರಿನಿಂದ ಬಸ್ಸು ಹತ್ತಿ ಬಂದ ದಿನಸಿ ಅಂಗಡಿಯ ವೃಷಭೇಂದ್ರಪ್ಪ. “ನಲವತ್ತು ವರ್ಷ ತಕ್ಕಡಿ ಹಿಡ್ದೋನು ನಾನು, ನನ್ನೇ ತೂಗ್ಬುಟ್ಟವ್ರಲ್ಲ” ಎಂದು ಆತ ಸ್ಟೂಲಿನ ಮೇಲೆ ಕುಳಿತೇ ಹಣೆ ಚಚ್ಚಿಕೊಂಡರಂತೆ. ಈವರೆಗೆ ನಲವತ್ತೆರಡು ಮನೆಯ ರೆಂಡಿಟ್ಟಾ ಹೇಳಿದ್ದಾರೆ. ದುಡ್ಡು ಮುಟ್ಟಿಲ್ಲ. ಹೆಚ್ಚೆಂದರೆ ಒಂದು ಹಿಡಿ ಹಸಿ ಕಡಲೆಕಾಯಿ. ಚಹಾ ಬಿಡುವು ಹದಿನಾರನೇ ನಿಮಿಷಕ್ಕೆ ಹೋದರೆ ಖಲಂದರ್ ಗಂಟಲು ಸರಿಮಾಡಿಕೊಳ್ಳುತ್ತಾರೆ, ಅಷ್ಟೆ. ಅವರ ಮನೆ ಸಾಲದ ರೆಂಡಿಟ್ಟಾ ಹೇಳಿದ್ದೂ ಇವರೇ.

ಇವರ ಬಗ್ಗೆ ಯಾರೂ ಬರೆದಿಲ್ಲ. ಸನ್ಮಾನ, ಶಾಲು, ಹಾರ ಯಾವುದೂ ಬಂದಿಲ್ಲ. ಬಂದದ್ದು ಒಂದೇ, ಕಂಪನಿಯ ಕಡೆಯಿಂದ ಒಂದು ಫೋನು: ನಿಮಗೆ ಯಾಕಮ್ಮ ಊರವರ ಉಸಾಬರಿ?

ನಾನು ಹೋದ ದಿನ ಊರವರ ಉಸಾಬರಿ ಪಕ್ಕದ ಬೇಸಿನ್ನಿನಲ್ಲೇ ಕುಳಿತಿತ್ತು. ಸುಹಾನಾ, ಮೂವತ್ತಾರು ವರ್ಷ, ಇದೇ ಫಿಲೇಚರಿನಲ್ಲಿ ನೂಲು ಬಿಚ್ಚುವವರು. ಗಂಡನಿಗೆ ಗ್ಯಾರೇಜು. ಹನ್ನೆರಡು ಲಕ್ಷ ಸಾಲ ಮಂಜೂರಾಗಿದೆ, ಅದೇ ಕಂಪನಿ, ಅದೇ ರುದ್ರಪ್ರಸಾದ್. ಇಪ್ಪತ್ತೈದು ವರ್ಷ, ತಿಂಗಳಿಗೆ ಹನ್ನೆರಡು ಸಾವಿರದ ಆರುನೂರ ಮೂವತ್ತೊಂಬತ್ತು. ಹನ್ನೊಂದು ಗಂಟೆಗೆ ಸಹಿ. ಸುಹಾನಾ ಅರ್ಧ ದಿನದ ರಜೆ ಕೇಳಿದರು, ಚಿಕ್ಕಲಕ್ಷ್ಮಮ್ಮನೂ ಕೇಳಿದರು. ಇಬ್ಬರ ಅರ್ಧ ಕೂಲಿ ಹೋಯಿತು. ನಾನು ಹಿಂದೆ ಹೋದೆ.

ಆಫೀಸಿನಲ್ಲಿ ಎ.ಸಿ. ಇತ್ತು. ಬಿಸಿನೀರಿನಿಂದ ಎದ್ದು ಬಂದ ಇಬ್ಬರೂ ಕೈಗಳನ್ನು ಸೆರಗು, ದುಪಟ್ಟಾದೊಳಗೆ ಮುದುರಿಕೊಂಡು ಕುಳಿತರು. ರುದ್ರಪ್ರಸಾದ್ ಸಹಿಯ ಜಾಗಕ್ಕೆಲ್ಲ ಪೆನ್ಸಿಲ್ ಗುರುತು ಹಾಕಿಟ್ಟಿದ್ದರು. ಸುಹಾನಾ ಪೆನ್ನು ತೆಗೆದುಕೊಂಡರು, ಕೆಳಗಿಟ್ಟರು.

“ಇದ್ರ ರೆಂಡಿಟ್ಟಾ ಎಷ್ಟು, ಸಾರ್?”

“ಏನಮ್ಮ ಹಂಗಂದ್ರೆ?”

“ಹನ್ನೆರಡು ಲಕ್ಷಕ್ಕೆ ಒಟ್ಟು ಎಷ್ಟು ಕಟ್ಬೇಕು ನಾನು? ತಿಂಗ್ಳಿಂದಲ್ಲ. ಒಟ್ಟು.”

ರುದ್ರಪ್ರಸಾದ್ ಚಿಕ್ಕಲಕ್ಷ್ಮಮ್ಮನ ಕಡೆ ನೋಡಿದರು. ಆಮೇಲೆ ನನ್ನ ಕಡೆ, ನನ್ನ ಪುಸ್ತಕದ ಕಡೆ. ಕ್ಯಾಲ್ಕುಲೇಟರ್ ಒತ್ತಿದರು. ಮೂವತ್ತೇಳು ಲಕ್ಷದ ತೊಂಬತ್ತೊಂದು ಸಾವಿರದ ಏಳುನೂರು.

“ಹದಿನೈದು ವರ್ಷಕ್ಕೆ ಮಾಡಿದ್ರೆ?” ಇದು ಚಿಕ್ಕಲಕ್ಷ್ಮಮ್ಮ.

ಕಂತು ಹದಿನಾಲ್ಕು ಸಾವಿರದ ನಾನೂರ ಎರಡು. ಒಟ್ಟು ಇಪ್ಪತ್ತೈದು ಲಕ್ಷದ ತೊಂಬತ್ತೆರಡು ಸಾವಿರ. ತಿಂಗಳಿಗೆ ಸಾವಿರದ ಏಳುನೂರ ಅರವತ್ತಮೂರು ರೂಪಾಯಿ ಹೆಚ್ಚು. ಕೊನೆಗೆ ಉಳಿಯುವುದು ಹನ್ನೆರಡು ಲಕ್ಷ, ಅಂದರೆ ತೆಗೆದುಕೊಳ್ಳುತ್ತಿರುವ ಸಾಲದಷ್ಟೇ. ಇಪ್ಪತ್ತೈದು ವರ್ಷದ ದಾರಿಯಲ್ಲಿ ಹೋದರೆ ಸುಹಾನಾ ಒಂದು ಮನೆಯನ್ನು ತಾವು ಕಟ್ಟಿಕೊಂಡು, ಅದೇ ಬೆಲೆಯ ಇನ್ನೊಂದನ್ನು ಕಂಪನಿಗೆ ಕಟ್ಟಿಕೊಡುತ್ತಿದ್ದರು.

“ಇದನ್ನ ನೀವೇ ಯಾಕೆ ಹೇಳ್ಲಿಲ್ಲ ಸಾರ್?” ಎಂದು ಸುಹಾನಾ ಕೇಳಿದರು. “ನೀವು ಕೇಳ್ಲಿಲ್ವಲ್ಲಮ್ಮ” ಎಂದರು ರುದ್ರಪ್ರಸಾದ್. ನನಗೆ ಮೇಜು ತಟ್ಟಬೇಕೆನಿಸಿತು. ಚಿಕ್ಕಲಕ್ಷ್ಮಮ್ಮ ತಟ್ಟಿಯೇಬಿಟ್ಟರು.

“ಕೇಳೋಕೆ ನಮ್ಗೆ ಗೊತ್ತಿಲ್ಲ ಅನ್ನೋದು ನಿಮ್ಗೆ ಗೊತ್ತಿತ್ತಲ್ಲ!”

ಸುಹಾನಾ ಆ ದಿನ ಸಹಿ ಹಾಕಲಿಲ್ಲ. ಮಹಡಿಯ ಮೇಲೆ ಕಟ್ಟಬೇಕೆಂದಿದ್ದ ಕೋಣೆ ಬಿಟ್ಟು, ಹತ್ತು ಲಕ್ಷಕ್ಕೆ, ಹದಿನೈದು ವರ್ಷಕ್ಕೆ ಹೊಸ ಕಾಗದ ಮಾಡಿಕೊಡಿ ಎಂದು ಹೇಳಿ ಎದ್ದರು. ಮೆಟ್ಟಿಲು ಇಳಿಯುವಾಗ ಚಿಕ್ಕಲಕ್ಷ್ಮಮ್ಮ ಅವರಿಗೆ ಹೇಳಿದ್ದು ಇಷ್ಟೇ: “ಬಡ್ಡಿ ಏರಿದ ಮೆಸೇಜ್ ಬಂದ್ರೆ ಪಾಯಸ ಮಾಡ್ಬ್ಯಾಡ ಕಣವ್ವ, ಕಂತು ಏರ್ಸಿ, ತಿಂಗ್ಳು ಮುಟ್ಬ್ಯಾಡಿ ಅಂತ ಬಂದು ಬರ್ಕೊಡು.”

ಅವರ ಸ್ವಂತ ಸಾಲ ಎಲ್ಲಿಗೆ ಬಂದಿದೆ? ಇನ್ನು ನೂರ ಮೂವತ್ತೊಂದು ಕಂತು ಉಳಿದಿವೆ. ಐವತ್ತೆಂಟಕ್ಕೆ ಮುಗಿಯುತ್ತದೆ. ಆದರೆ ಈ ಕಸುಬಿನಲ್ಲಿ ಬೆರಳು ಅಷ್ಟು ದಿನ ಇರುವುದಿಲ್ಲ. ಚರ್ಮ ಬಿಳಿಚಿ, ಬಿರಿದು, ತುದಿಗೆ ಸ್ಪರ್ಶವೇ ಹೋಗುತ್ತದೆ, ಎಳೆಯ ತುದಿ ಸಿಗದಾಗುತ್ತದೆ. “ನನ್ನ ಫಿಲೇಚರಾಗೆ ಐವತ್ತೈದು ದಾಟಿ ಯಾರೂ ಬೇಸಿನ್ ಮುಂದೆ ಕೂತಿಲ್ಲ” ಎನ್ನುತ್ತಾರೆ ಖಲಂದರ್. ಹಾಗಾಗಿ ಅವರು ಇನ್ನೊಂದು ಚೀಟಿ ಹಾಕಿದ್ದಾರೆ. ಮುಂದಿನ ತಿಂಗಳು ಅದನ್ನು ಎತ್ತಿ ಇನ್ನೊಂದು ಲಕ್ಷ ಅಸಲಿಗೆ ಹಾಕಿದರೆ ಮತ್ತೆ ಮೂವತ್ತೈದು ತಿಂಗಳು ಹೋಗುತ್ತದೆ. ಸರಿಯಾಗಿ ಐವತ್ತೈದಕ್ಕೆ ಬಂದು ನಿಲ್ಲುತ್ತದೆ. ಮೂರೂವರೆ ಇದ್ದ ರೆಂಡಿಟ್ಟಾ ಎರಡೂ ಕಾಲರ ಹತ್ತಿರ ಇಳಿಯುತ್ತದೆ.

ಫಿಲೇಚರಿಗೆ ಮರಳುವ ದಾರಿಯಲ್ಲಿ ಅವರು ಬಲಗೈಯ ಹೆಬ್ಬೆರಳನ್ನು ನನ್ನ ಮುಂದೆ ಹಿಡಿದರು. ಗೆರೆಗಳು ಹೆಚ್ಚೂ ಕಡಿಮೆ ಅಳಿಸಿಹೋಗಿವೆ. ರೇಷನ್ ಅಂಗಡಿಯ ಮೆಷಿನ್ನು ಆ ಹೆಬ್ಬೆಟ್ಟನ್ನು ಎರಡು ತಿಂಗಳಿಂದ ಒಪ್ಪುತ್ತಿಲ್ಲ. ಈಗ ತೋರುಬೆರಳು ಕೊಟ್ಟು ಅಕ್ಕಿ ತರುತ್ತಾರೆ. ದೊಡ್ಡ ಆಸೆ ಏನು ಎಂದು ಕೇಳಿದೆ. ಲೇಖನ ಮುಗಿಸಲು ನಾವು ಎಲ್ಲರನ್ನೂ ಕೇಳುವ ಪ್ರಶ್ನೆ ಅದು. ಅವರು ನಗಲಿಲ್ಲ.

“ಪತ್ರ ಅಡ ಇಡೋವತ್ತು ಇದೇ ಹೆಬ್ಬೆಟ್ಟು ಒತ್ತಿಸ್ಕಂಡವ್ರೆ ಮೇಡಮ್ಮೋರೆ. ಒಂದೇ ಸಲಕ್ಕೆ ಗುರ್ತು ಸಿಕ್ತು. ಬಿಡಿಸ್ಕಳಕ್ಕೆ ಹೋದ ದಿನ ಆ ಮೆಷಿನ್ನು ನೀನ್ಯಾರು ಅಂತ ನನ್ನ ಕೇಳ್ಬಾರ್ದು. ಅಷ್ಟ್ರೊಳಗೆ ತೀರಿಸ್ಬುಡ್ತೀನಿ.”